ಕೆಡವಬೇಡಿ ಅಂದ ಎಂಜಿನಿಯರ್‌ಗೆ ಮೂರೂವರೆ ನಕ್ಷತ್ರ

ಗದಗಿನಲ್ಲಿ ಆಫೀಸು ಇಟ್ಟುಕೊಂಡಿರುವ ಒಬ್ಬ ಲೈಸೆನ್ಸ್ ಎಂಜಿನಿಯರ್ ಬಗ್ಗೆ ಈ ರಿವ್ಯೂ. ಲಕ್ಕುಂಡಿಯ ನಮ್ಮ ಹಳೆ ಮನೆ ರಿಪೇರಿಗೆ ಅವರಿಂದ ಎರಡು ಕೆಲಸ ಮಾಡಿಸಿಕೊಂಡೆ. ಒಂದು, ಪರವಾನಗಿ ತೆಗೆಸುವುದು. ಅದಕ್ಕೆ ಐದಕ್ಕೆ ಐದು. ಇನ್ನೊಂದು, ಕೆಲಸ ನಡೆಯುವಾಗ ಬಂದು ನೋಡಿಕೊಳ್ಳುವುದು. ಅದಕ್ಕೆ ಎರಡು. ಕೂಡಿಸಿ ಭಾಗಿಸಿದರೆ ಮೂರೂವರೆ. ದೂರೂ ಇರುವುದರಿಂದ ಹೆಸರು ಹಾಕುತ್ತಿಲ್ಲ. ಹುಡುಗ ಒಳ್ಳೆಯವನು, ಇನ್ನೂ ಬಾಳಿ ಬದುಕಬೇಕಾದವನು.

ನಾನು ಸಾರಿಗೆ ಬಸ್ಸಿನಲ್ಲಿ 31 ವರ್ಷ ಕಂಡಕ್ಟರ್ ಆಗಿದ್ದವನು. ಅದರಲ್ಲಿ ಅರ್ಧ ಆಯುಷ್ಯ ಗದಗ–ಕೊಪ್ಪಳ ರೂಟಿನಲ್ಲೇ ಹೋಯಿತು. ದಿನಾ ಲಕ್ಕುಂಡಿ ದಾಟಿಕೊಂಡೇ ಹೋಗುತ್ತಿದ್ದೆ. ಗದಗಿನಿಂದ ಹನ್ನೆರಡು ಕಿಲೋಮೀಟರ್, ಅಷ್ಟೇ. ಆದರೂ ಇಳಿದು ನಮ್ಮ ಮನೆ ಹೇಗಿದೆ ಅಂತ ನೋಡಿದ್ದು ಕಡಿಮೆ. ನಾವು ಬೆಟಗೇರಿಯಲ್ಲಿ ಬಾಡಿಗೆಗೆ ಇದ್ದೆವು. ಅಪ್ಪ ಇರುವವರೆಗೆ ಮನೆ ಅವರ ಪಾಲು, ಅವರ ಚಿಂತೆ.

ಅಜ್ಜ ಕಟ್ಟಿಸಿದ ಮನೆ. ಎರಡು ಅಡಿ ದಪ್ಪದ ಮಣ್ಣಿನ ಗೋಡೆ. ಪಡಸಾಲೆಯಲ್ಲಿ ನಾಲ್ಕು ಕಂಬ, ಅವುಗಳ ಮೇಲೆ ತೊಲೆ, ತೊಲೆಯ ಮೇಲೆ ಜಂತಿ, ಅದರ ಮೇಲೆ ಸವಳು ಮಣ್ಣಿನ ಮಾಳಿಗೆ. ಮಾಳಿಗೆ ಮನೆಗೆ ಪ್ರತಿ ವರ್ಷ ಮಳೆಗಾಲಕ್ಕೆ ಮುಂಚೆ ಮಣ್ಣು ಹಾಕಿ ಬಡಿದು ಗಟ್ಟಿ ಮಾಡಬೇಕು. ಅಪ್ಪ ಹೋದ ಮೇಲೆ ಯಾರೂ ಹಾಕಲಿಲ್ಲ. ಹಿಂದಿನ ಗೋಡೆ ಉಬ್ಬಿ ನಿಂತಿತ್ತು. ದನದ ಕೊಟ್ಟಿಗೆಯ ಮೂಲೆಯಲ್ಲಿ ಆಕಾಶ ಕಾಣುತ್ತಿತ್ತು.

ರಿಟೈರ್ ಆದ ಮೇಲೆ ಅಲ್ಲೇ ಹೋಗಿ ಇರೋಣ ಅಂತ ನಾನೂ ನನ್ನ ಹೆಂಡತಿಯೂ ಮಾತಾಡಿಕೊಂಡೆವು. ಮಗ ಮಾತ್ರ, "ಅಪ್ಪಾ, ಜೆಸಿಬಿ ತರಸೂನು. ಒಂದು ದಿನದ ಕೆಲಸ. ಆರ್‌ಸಿಸಿ ಹಾಕಿ ಮ್ಯಾಲೆ ಎರಡು ರೂಮ್ ಏರಸೂನು" ಅಂದ. ನನಗೂ ಅದೇ ಸರಿ ಅನ್ನಿಸಿತು, ಸುಳ್ಳು ಯಾಕೆ ಹೇಳಲಿ. ಜೆಸಿಬಿಯವನ ಹತ್ತಿರ ಮಾತಾಡಿ ದಿನವನ್ನೂ ಗೊತ್ತು ಮಾಡಿದ್ದೆವು. ಬ್ಯಾಂಕ್ ಸಾಲಕ್ಕೆ ಎಸ್ಟಿಮೇಟ್ ಬೇಕಿತ್ತು. ಅದಕ್ಕೋಸ್ಕರ ಈ ಎಂಜಿನಿಯರ್ ಬಂದದ್ದು. ಪರವಾನಗಿ ಅನ್ನುವುದು ನಮ್ಮ ತಲೆಯಲ್ಲೇ ಇರಲಿಲ್ಲ. ನಮ್ಮ ಮನೆ, ನಮ್ಮ ಜಾಗ, ಕೇಳೋರು ಯಾರು ಅಂತ.

ಭಾನುವಾರ ಬೆಳಿಗ್ಗೆ ಬಂದ. ಮನೆಯೊಳಗೆ ಕಾಲಿಡಲಿಲ್ಲ. ಬೈಕ್ ನಿಲ್ಲಿಸಿ ಸೀದಾ ಕಾಶಿವಿಶ್ವೇಶ್ವರ ಗುಡಿಯ ಕಡೆ ನಡೆದ. ನಾನು ಚಹಾ ಆರುತ್ತದೆ ಅಂತ ಹಿಂದಿನಿಂದ ಕೂಗುತ್ತಿದ್ದೆ. ಅವನು ಗುಡಿಯ ಸುತ್ತಲಿನ ಬೇಲಿಯ ಹತ್ತಿರ ನಿಂತು ಫೋನಿನಲ್ಲಿ ನಕ್ಷೆ ತೆಗೆದು ಏನೋ ಗುರುತು ಮಾಡಿದ. ಆಮೇಲೆ ಬಂದು ನಮ್ಮ ಮನೆಯ ನಾಲ್ಕು ಮೂಲೆಗೂ ನಿಂತು ಗುರುತು ಮಾಡಿದ. ಅದಾದ ಮೇಲೆ ಕಟ್ಟೆಯ ಮೇಲೆ ಕೂತು ಹೇಳಿದ್ದು ಇಷ್ಟು:

"ಕಾಕಾ, 92 ಮೀಟರ್ ಬರ್ತದ. ಇದನ್ನ ಕೆಡವಿದ್ರಿ ಅಂದ್ರ ಮುಗೀತು. ಮತ್ತ ಕಟ್ಟಾಕ ಬರಂಗಿಲ್ಲ."

ನಾನು ಒಪ್ಪಲಿಲ್ಲ. ಗುಡಿಯಿಂದ ನೂರು ಮೀಟರಿನೊಳಗೆ ಕಟ್ಟಬಾರದು ಅನ್ನುವ ಕಾನೂನು ಊರಲ್ಲಿ ಎಲ್ಲರಿಗೂ ಗೊತ್ತು. ನಾನೂ ಹೆಜ್ಜೆ ಹಾಕಿ ಅಳೆದಿದ್ದೆ, ಗುಡಿಯ ಗೋಡೆಯಿಂದ ನಮ್ಮ ಬಾಗಿಲಿಗೆ ನೂರಿಪ್ಪತ್ತು ದಾಟಿತ್ತು. ಅವನು ನಕ್ಕ. ಅಳೆಯುವುದು ಗುಡಿಯ ಗೋಡೆಯಿಂದ ಅಲ್ಲವಂತೆ, ರಕ್ಷಿತ ಜಾಗದ ಗಡಿಯಿಂದ. ಮೇಲಾಗಿ ಓಣಿ ಹಿಡಿದು ನಡೆದ ಹೆಜ್ಜೆ ಲೆಕ್ಕಕ್ಕಿಲ್ಲ, ಕಾಗೆ ಹಾರಿದ ಹಾಗೆ ನೇರ ಗೆರೆ. ನನ್ನ ಹೆಜ್ಜೆ ಎಲ್ಲಾ ವ್ಯರ್ಥ.

ಅವನು ಹೇಳಿದ್ದನ್ನು ನನಗೆ ಅರ್ಥವಾದ ಭಾಷೆಯಲ್ಲಿ ಹೇಳುತ್ತೇನೆ. ಬಸ್ಸಿನ ಸ್ಟೇಜ್ ಇದ್ದ ಹಾಗೆ ಇದು. ಈ ಗುಡಿಯಂಥ, ಕೇಂದ್ರ ಪುರಾತತ್ವ ಇಲಾಖೆಯ ಸ್ಮಾರಕದ ಗಡಿಯಿಂದ ಮೊದಲ ನೂರು ಮೀಟರ್ ಒಂದು ಸ್ಟೇಜ್. ಅದಕ್ಕೆ ನಿಷೇಧಿತ ಪ್ರದೇಶ ಅನ್ನುತ್ತಾರೆ. ಅಲ್ಲಿ ಹೊಸದಾಗಿ ಏನೂ ಕಟ್ಟುವ ಹಾಗಿಲ್ಲ. ಅದರಾಚೆ ಇನ್ನೂ ಇನ್ನೂರು ಮೀಟರ್ ಎರಡನೇ ಸ್ಟೇಜ್, ನಿಯಂತ್ರಿತ ಪ್ರದೇಶ. ಅಲ್ಲಿ ಅನುಮತಿ ತೆಗೆದುಕೊಂಡು ಕಟ್ಟಬಹುದು. 1958ರ ಕಾಯ್ದೆ, 2010ರಲ್ಲಿ ಬಿಗಿ ಮಾಡಿದ್ದು. ಮೀರಿದರೆ ಎರಡು ವರ್ಷದವರೆಗೆ ಜೈಲು, ಇಲ್ಲವೇ ಒಂದು ಲಕ್ಷದವರೆಗೆ ದಂಡ, ಇಲ್ಲವೇ ಎರಡೂ.

ಇದರಲ್ಲಿ ನಾನು ಎಡವುತ್ತಿದ್ದದ್ದು ಒಂದೇ ಒಂದು ಮಾತಿನ ಮೇಲೆ. "ಇದ್ದಷ್ಟೇ ಉದ್ದ, ಇದ್ದಷ್ಟೇ ಅಗಲ, ಇದ್ದಷ್ಟೇ ಎತ್ತರ ಕಟ್ಟಿದರೆ ಯಾರು ಏನಂತಾರೆ?" ಅಂತ ಕೇಳಿದೆ. ಕೆಡವಿ ಅದೇ ಅಳತೆಗೆ ಕಟ್ಟಿದರೆ ಕಾನೂನಿನ ಲೆಕ್ಕದಲ್ಲಿ ಅದು ಮರುನಿರ್ಮಾಣವಂತೆ, ರಿಪೇರಿ ಅಲ್ಲ. ಮರುನಿರ್ಮಾಣ ಎರಡನೇ ಸ್ಟೇಜಿನಲ್ಲಿ ಅನುಮತಿ ಇದ್ದರೆ ಆದೀತು, ಮೊದಲನೆಯದರಲ್ಲಿ ಆಗದು. ಮೊದಲನೆಯದರಲ್ಲಿ ಇರುವ ಮನೆಯನ್ನು ನಿಲ್ಲಿಸಿಕೊಂಡೇ ರಿಪೇರಿ ಮಾಡಬೇಕು. ಅದಕ್ಕೂ ಅನುಮತಿ ಬೇಕು. ಅಂದರೆ ಜೆಸಿಬಿ ಬಂದು ಹೋದ ಮರುದಿನ ನಮ್ಮ ಹತ್ತಿರ ಮನೆಯೂ ಇಲ್ಲ, ಕಟ್ಟುವ ದಾರಿಯೂ ಇಲ್ಲ. ಬರೀ ಮಣ್ಣಿನ ದಿಬ್ಬ. ಆ ಸಂಜೆಯೇ ಜೆಸಿಬಿಯವನಿಗೆ ಫೋನ್ ಮಾಡಿ ಬರಬೇಡ ಅಂದೆ.

ಈ ಹುಡುಗನಿಗೆ ಐದು ನಕ್ಷತ್ರ ಸಿಕ್ಕಿದ್ದು ಇದಕ್ಕೇ. ಎಸ್ಟಿಮೇಟ್ ಬರೆದುಕೊಟ್ಟು ದುಡ್ಡು ಎಣಿಸಿಕೊಂಡು ಹೋಗಿದ್ದರೆ ನಮಗೆ ಗೊತ್ತೇ ಆಗುತ್ತಿರಲಿಲ್ಲ. ದೊಡ್ಡ ಕೆಲಸವನ್ನು ತಾನೇ ಬೇಡ ಅಂದು ಸಣ್ಣ ಕೆಲಸ ಹಿಡಿದ.

ಮುಂದಿನದು ಕಾಗದದ ಕಥೆ. ಇದರಲ್ಲಿ ತಪ್ಪೆಲ್ಲ ನಮ್ಮ ಮನೆತನದ್ದೇ. ಉತಾರದಲ್ಲಿ, ಅಂದರೆ ಮನೆಯ ಆಸ್ತಿ ದಾಖಲೆಯಲ್ಲಿ, ಇನ್ನೂ ಅಜ್ಜನ ಹೆಸರು. ಅಪ್ಪನ ಹೆಸರೇ ಏರಿರಲಿಲ್ಲ, ನನ್ನದೆಲ್ಲಿ ಬರಬೇಕು! ವಾರಸಾ ಮಾಡಿಸಿ ನನ್ನ ಹೆಸರು ಏರಿಸಲು ಮೂವರು ಅತ್ತೆಯಂದಿರ ಸಹಿ ಬೇಕಾಯಿತು. ಒಬ್ಬರು ಮುಂಡರಗಿ, ಒಬ್ಬರು ರೋಣ, ಇನ್ನೊಬ್ಬರು ಮಗಳ ಮನೆ ಅಂತ ಪುಣೆ. ಮುಂಡರಗಿ ಅತ್ತೆ ಸಹಿ ಹಾಕುವ ಮುಂಚೆ 1980ರ ದಶಕದ ಒಂದು ಜೋಡು ಬಿಲ್ವಾರ ಬಳೆಯ ಜಗಳ ತೆಗೆದರು. ಎರಡು ದಿನ ಊಟ ಮಾಡಿಸಿ, ಜಗಳವನ್ನೂ ಮುಗಿಸಿ, ಸಹಿ ಹಾಕಿದರು. ಪಂಚಾಯಿತಿಯ ಇ-ಸ್ವತ್ತು ಕಾಗದ ಕೈಗೆ ಬರುವ ಹೊತ್ತಿಗೆ ನಾಲ್ಕು ತಿಂಗಳು.

ಇನ್ನೊಂದು ಕಾಗದ ಬೇಕಿತ್ತು. ಅದನ್ನು ನೀವೂ ಬರೆದಿಟ್ಟುಕೊಳ್ಳಿ. ನಿಷೇಧಿತ ಪ್ರದೇಶದಲ್ಲಿ ರಿಪೇರಿಗೆ ಅನುಮತಿ ಕೇಳಬೇಕಾದರೆ ಮನೆ 1992ರ ಜೂನ್ 16ಕ್ಕಿಂತ ಮುಂಚಿನದು ಅಂತ ತೋರಿಸಬೇಕು. ನೂರು ಮೀಟರ್, ಇನ್ನೂರು ಮೀಟರ್ ಅಂತ ಗೆರೆ ಎಳೆದ ಅಧಿಸೂಚನೆಯ ದಿನ ಅದು. ನಮ್ಮದು ಅದಕ್ಕಿಂತ ಎಷ್ಟೋ ಹಳೆಯದು ಅಂತ ಗೋಡೆ ನೋಡಿದರೇ ಗೊತ್ತಾಗುತ್ತದೆ, ಅಲ್ವಾ? ಆದರೆ ಗೋಡೆಯನ್ನು ಅರ್ಜಿಗೆ ಪಿನ್ ಹೊಡೆಯಲು ಬರುವುದಿಲ್ಲ.

ಅಪ್ಪನಿಗೆ ಒಂದು ಅಭ್ಯಾಸ ಇತ್ತು. ರಸೀದಿ ಬಂದರೆ ಬಗ್ಗಿಸಿದ ತಂತಿಗೆ ಚುಚ್ಚಿ ಅಟ್ಟದ ಜಂತಿಗೆ ನೇತು ಹಾಕುತ್ತಿದ್ದರು. ನಾವು ನಗುತ್ತಿದ್ದೆವು. ಅಟ್ಟ ಹತ್ತಿ ಟಾರ್ಚ್ ಹಾಕಿ ನೋಡಿದರೆ ತಂತಿ ಅಲ್ಲೇ ಇತ್ತು, ಮೇಲೆ ಒಂದು ಬೆರಳು ಮಸಿ. ಬೀಜದ ಬಿಲ್ಲು, ಕೆಇಬಿ ಬಿಲ್ಲು, ಯಾರದೋ ಲಗ್ನಪತ್ರಿಕೆ. ಎಲ್ಲಕ್ಕಿಂತ ಕೆಳಗೆ 1978ರ ಮನೆಪಟ್ಟಿ ರಸೀದಿ, ಅಂದರೆ ಮನೆ ತೆರಿಗೆ ಕಟ್ಟಿದ್ದು. ನಡುವೆ ತೂತು, ಅಂಚು ಇಲಿ ತಿಂದದ್ದು, ಅಜ್ಜನ ಹೆಸರು ಮಾತ್ರ ಸ್ಪಷ್ಟ. ಜಿಲ್ಲೆ ಧಾರವಾಡ ಅಂತ ಇತ್ತು. ಗದಗ ಜಿಲ್ಲೆ ಆದದ್ದೇ 1997ರಲ್ಲಿ. ಎಂಜಿನಿಯರ್ ಆ ರಸೀದಿಯನ್ನು ಎರಡು ಕೈಯಲ್ಲಿ ಹಿಡಿದು, "ಕಾಕಾ, ಇದು ಸಿಕ್ಕಿದ್ದು ಬಂಗಾರ ಸಿಕ್ಕಂಗ" ಅಂದ. ಅದನ್ನು ನನ್ನ ಕೈಗೆ ಕೊಡದೆ ತಾನೇ ಪ್ಲಾಸ್ಟಿಕ್ ಕವರಿಗೆ ಹಾಕಿದ. ಮೂವತ್ತೊಂದು ವರ್ಷ ಟಿಕೆಟ್ ಹರಿದವನಿಗೆ ಕಾಗದ ಹಿಡಿಯುವುದು ಹೇಳಿಕೊಡುವ ಹುಡುಗ!

ಅರ್ಜಿಯನ್ನು ಚೆನ್ನಾಗಿ ಬರೆದ. ಪ್ರತಿ ಕೋಣೆಯ ಅಳತೆ, ಪ್ರತಿ ಗೋಡೆಯ ಫೋಟೋ, ಯಾವುದು ಉಳಿಯುತ್ತದೆ, ಯಾವುದು ಬದಲಾಗುತ್ತದೆ ಎಲ್ಲ. ನಮ್ಮ ಬಚ್ಚಲಲ್ಲಿ ಬಟ್ಟೆ ಒಗೆಯುವ ಒಂದು ಕಲ್ಲು ಇದೆ. ದುಂಡಗೆ, ಒಂದರ ಮೇಲೊಂದು ಬಳೆ ಇಟ್ಟ ಹಾಗೆ ಗೆರೆ. ನಾನು ಹುಟ್ಟಿದಾಗಿನಿಂದ ಅದರ ಮೇಲೆ ಸೋಪು ತಿಕ್ಕಿದ್ದೇವೆ. ಅವನು ಮಂಡಿಯೂರಿ ಕೂತು ನೀರು ಹಾಕಿ ತೊಳೆದು ನೋಡಿದ. ಗುಡಿಯ ಕಂಬಗಳಲ್ಲಿ ತಿರುಗಣಿಗೆ ಹಾಕಿ ಕಡೆದ ಬಳೆ ಇರುತ್ತವಲ್ಲ, ಇದೂ ಅದೇ ಜಾತಿಯ ಕಂಬದ ತುಂಡು. ಫೋಟೋ ತೆಗೆದು, "ಕಲ್ಲನ್ನು ಸರಿಸುವುದಿಲ್ಲ" ಅಂತ ಅರ್ಜಿಯಲ್ಲೇ ಬರೆದುಬಿಟ್ಟ. ನನ್ನ ಹೆಂಡತಿ ಅಂದಿನಿಂದ ಅದರ ಮೇಲೆ ಬಟ್ಟೆ ಒಗೆಯುವುದನ್ನು ಬಿಟ್ಟಳು. ವಾಶಿಂಗ್ ಮಷಿನ್ ಖರ್ಚು ಬೇರೆ ಬಂತು.

ಅರ್ಜಿ ಹಾಕಿದ ಮೇಲೆ ಕಾನೂನಿನಲ್ಲೇ ಟೈಮ್ ಟೇಬಲ್ ಇದೆ. ಅರ್ಜಿ ಬಂದ 15 ದಿನದಲ್ಲಿ ಅದನ್ನು ರಾಷ್ಟ್ರೀಯ ಸ್ಮಾರಕ ಪ್ರಾಧಿಕಾರಕ್ಕೆ ಕಳಿಸಬೇಕು. ಅವರು ಎರಡು ತಿಂಗಳಲ್ಲಿ ಅಭಿಪ್ರಾಯ ಹೇಳಬೇಕು. ಆಮೇಲೆ ಒಂದು ತಿಂಗಳಲ್ಲಿ ಆದೇಶ. ಒಟ್ಟು ಮೂರೂವರೆ ತಿಂಗಳು. ನಮ್ಮದು ಐದು ದಿನ ಲೇಟಾಗಿ ಬಂತು. ಐದು ದಿನವನ್ನು ನಾನು ಲೇಟು ಅನ್ನುವುದಿಲ್ಲ, ನಮ್ಮ ಬಸ್ಸು ನೋಡಿದವರಿಗೆ ಗೊತ್ತು. ಆ ಆದೇಶ ಇಟ್ಟುಕೊಂಡು ಗ್ರಾಮ ಪಂಚಾಯಿತಿಯ ಪರವಾನಗಿ ಬೇರೆ ತೆಗೆಸಬೇಕು. ಒಂದು ಇದ್ದರೆ ಇನ್ನೊಂದು ಬೇಡ ಅಂತ ಇಲ್ಲ. ಅದನ್ನೂ ಅವನೇ ಓಡಾಡಿ ಮಾಡಿಸಿದ. ಕಾಗದದ ಕೆಲಸಕ್ಕೆ ತೆಗೆದುಕೊಂಡದ್ದು 18 ಸಾವಿರ. ರಸೀದಿ ಕೊಟ್ಟ. ಇದರಾಚೆ ಒಂದು ರೂಪಾಯಿಯನ್ನೂ "ಅಲ್ಲಿ ಕೊಡಬೇಕು, ಇಲ್ಲಿ ಕೊಡಬೇಕು" ಅಂತ ಕೇಳಲಿಲ್ಲ.

ಈಗ ಎರಡು ನಕ್ಷತ್ರದ ಕಥೆ.

ಕೆಲಸ ನೋಡಿಕೊಳ್ಳಲು 12 ಸಾವಿರ, ಆರು ಸಲ ಬರುವುದು ಅಂತ ಮಾತಾಗಿತ್ತು. ಬಂದದ್ದು ಎರಡು ಸಲ. ಒಂದು ಸಲ ಪೂಜೆಗೆ, ಒಂದು ಸಲ ಫೋಟೋಗೆ. ಉಳಿದಂತೆ ಫೋನು. ಆ ಫೋನನ್ನೂ ಎತ್ತುವುದು ರಾತ್ರಿ ಹತ್ತರ ಮೇಲೆ.

ಬರದಿದ್ದರೆ ಹೋಗಲಿ. ಅವನ ಎಸ್ಟಿಮೇಟಿನಲ್ಲಿ ಗೋಡೆಗೆ ಬರೆದದ್ದು ಸಿಮೆಂಟ್ ಗಿಲಾವ್, ಅಂದರೆ ಪ್ಲಾಸ್ಟರ್. ನಮ್ಮ ಅದೃಷ್ಟಕ್ಕೆ ನರೇಗಲ್ ಕಡೆಯ ಒಬ್ಬ ವಯಸ್ಸಾದ ಗೌಂಡಿ ಸಿಕ್ಕಿದ್ದರು. ಅವರು ಎಸ್ಟಿಮೇಟ್ ಓದಿಸಿ ಕೇಳಿ, ಏನೂ ಮಾತಾಡದೆ, ಎದುರಿನ ಗೋಡೆಯ ಹತ್ತಿರ ಹೋದರು. ಅದಕ್ಕೆ ಅಪ್ಪ ಹಿಂದೆ ಯಾವಾಗಲೋ ಸಿಮೆಂಟ್ ಹಚ್ಚಿಸಿದ್ದರು. ಗೌಂಡಿ ಕರಣಿಯ ತುದಿ ಸೇರಿಸಿ ಸ್ವಲ್ಪ ಎಬ್ಬಿಸಿದರು. ಒಂದು ತಟ್ಟೆಯಷ್ಟು ಗಿಲಾವ್ ಹಪ್ಪಳದ ಹಾಗೆ ಕೈಗೆ ಬಂತು. ಹಿಂದಿನ ಮಣ್ಣು ಏಪ್ರಿಲ್ ಬಿಸಿಲಲ್ಲೂ ಹಸಿ ಹಸಿ. ನನ್ನ ಕೈ ಹಿಡಿದು ಮುಟ್ಟಿಸಿದರು. ಬೆರಳು ಅರ್ಧ ಇಂಚು ಒಳಗೆ ಹೋಯಿತು.

"ತಮ್ಮಾ, ಮಣ್ಣಿನ ಗ್ವಾಡಿ ಉಸರಾಡ್ತದ. ನೆಲದಾಗಿನ ಹಸಿ ಮ್ಯಾಲ ಏರ್ತದ, ಹೊರಗ ಆರಿ ಹೋಗ್ತದ. ಸಿಮೆಂಟ್ ಹಚ್ಚಿದ್ರ ಬಾಯಿ ಕಟ್ಟಿದಂಗ. ಹಸಿ ಒಳಗ ಕುಂತು ಗ್ವಾಡಿ ತಿಂತದ."

ಎಂಜಿನಿಯರ್‌ಗೆ ಫೋನ್ ಮಾಡಿ ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಅವರು ಹೇಳೂದು ಖರೆ ಐತಿ ಕಾಕಾ, ನಾವು ಎಲ್ಲಾದಕ್ಕೂ ಒಂದೇ ಫಾರ್ಮ್ಯಾಟ್ ಹಾಕ್ತೀವಿ" ಅಂದ. ಒಪ್ಪಿಕೊಂಡದ್ದಕ್ಕೆ ಎರಡು ನಕ್ಷತ್ರ. ಇಲ್ಲದಿದ್ದರೆ ಒಂದೇ.

ಮುಂದೆ ಎಲ್ಲ ಗೌಂಡಿಯದೇ ರಾಜ್ಯ. ಉಬ್ಬಿದ ಹಿಂದಿನ ಗೋಡೆಯನ್ನು ಒಂದೇ ಸಲ ಕೆಡವಲಿಲ್ಲ. ತೊಲೆಗೆ ಆಸರೆ ಕೊಟ್ಟು, ಮೂರು ಮೂರು ಅಡಿ ಬಿಚ್ಚಿ ಕಟ್ಟುತ್ತ ಹೋದರು. ಮಣ್ಣಿಗೆ ಹೊಟ್ಟು ಹಾಕಿ ನೀರು ಬಿಟ್ಟು ಮೂರು ದಿನ ಕೊಳೆಸಿ, ಕಾಲಲ್ಲಿ ತುಳಿದು ಹದ ಮಾಡಿದರು. ಸುಣ್ಣವನ್ನು ಹದಿನೈದು ದಿನ ನೀರಲ್ಲಿ ಅರಳಿಸಿದರು. ಗಾರೆಗೆ ಬೆಲ್ಲದ ನೀರು, ಅಳಲೆಕಾಯಿ ನೀರು. ಓಣಿಯ ಇರುವೆಗಳೆಲ್ಲ ನಮ್ಮ ಮನೆಗೇ. ಮೊಮ್ಮಗಳು ಗೋಡೆ ನೆಕ್ಕಿ ನೋಡಿ ಸಿಹಿ ಇಲ್ಲ ಅಂತ ಅತ್ತಳು.

ಶೌಚಾಲಯ ಹೊಸದಾಗಿ ಹೊರಗೆ ಕಟ್ಟುವ ಹಾಗಿರಲಿಲ್ಲ. ಕೊಟ್ಟಿಗೆಯ ಒಂದು ಮೂಲೆಯನ್ನೇ ಒಳಗಿಂದ ಬೇರ್ಪಡಿಸಿ ಮಾಡಿದ್ದೇವೆ, ಅರ್ಜಿಯಲ್ಲಿ ತೋರಿಸಿದ ಹಾಗೇ. ಬಾಗಿಲು ತೆರೆದರೆ ಎದುರಿಗೆ ದನಕ್ಕೆ ಮೇವು ಹಾಕುವ ಗೋದಲಿ. ಬಂದ ನೆಂಟರಿಗೆ ಸ್ವಲ್ಪ ವಿಚಿತ್ರ ಅನ್ನಿಸುತ್ತದೆ. ಮಗನ ಮೇಲಿನ ರೂಮು ಬರಲೇ ಇಲ್ಲ. ಅವನಿಗೆ ಅದರ ಸಿಟ್ಟು ಇನ್ನೂ ಇದೆ, ಅದು ನ್ಯಾಯವೇ. ನಾಲ್ಕು ಜನರ ಮನೆಯಲ್ಲಿ ಏಳು ಜನ ಹಬ್ಬಕ್ಕೆ ಮಲಗುವುದು ಸುಲಭ ಅಲ್ಲ. ಗುಡಿ ನೋಡಲು ಬರುವವರು ನಮ್ಮ ಕಟ್ಟೆಯ ಮೇಲೆ ಕೂತು, "ಎಷ್ಟು ಚಂದ ಹಳೆ ಮನಿ" ಅಂತ ಫೋಟೋ ತೆಗೆದುಕೊಂಡು ಹೋಗುತ್ತಾರೆ. ಅವರು ಗೋದಲಿ ನೋಡಿಲ್ಲ.

ಯಾರಿಗಾದರೂ ಈ ಎಂಜಿನಿಯರ್ ಬೇಕಿದ್ದರೆ, ಅಳತೆಗೆ, ಕಾಗದಕ್ಕೆ, ಅರ್ಜಿಗೆ ಕಣ್ಣು ಮುಚ್ಚಿ ಕರೆಯಿರಿ. ಉಸ್ತುವಾರಿಗೆ ಅಂತ ಮುಂಗಡ ಕೊಡಬೇಡಿ, ಬಂದ ಸಲಕ್ಕೆ ಇಷ್ಟು ಅಂತ ಮಾತಾಡಿ. ಮಣ್ಣಿನ ಗೋಡೆ ಇದ್ದರೆ ಎಸ್ಟಿಮೇಟ್ ಬರೆಸುವ ಮುಂಚೆ ಗೌಂಡಿಯನ್ನು ಹುಡುಕಿ. ಉಳಿದ ನಾಲ್ಕು ಭೇಟಿಯ ಎಂಟು ಸಾವಿರವನ್ನು ನಾನು ವಾಪಸ್ ಕೇಳಿದೆ. ಆರು ಸಾವಿರ ಕೊಟ್ಟಿದ್ದಾನೆ. ಎರಡು ಸಾವಿರ ಬಾಕಿ, ನನ್ನ ಹತ್ತಿರ ಲೆಕ್ಕ ಇದೆ.

ಮೊನ್ನೆ ನಮ್ಮ ಹಿಂದಿನ ಓಣಿಯವರೊಬ್ಬರು ಬಂದಿದ್ದರು. ಅವರ ಮನೆಯ ಮಾಳಿಗೆಯೂ ಸೋರುತ್ತಿದೆ. ಜೆಸಿಬಿಯವನ ನಂಬರ್ ಕೇಳಿದರು. ನಂಬರ್ ಕೊಡಲಿಲ್ಲ. 1992ಕ್ಕಿಂತ ಹಿಂದಿನ ಮನೆಪಟ್ಟಿ ರಸೀದಿ ಏನಾದರೂ ಇದೆಯಾ ಅಂತ ಕೇಳಿದೆ. ಇಲ್ಲ ಅಂದರು. ಟಾರ್ಚ್ ಕೊಟ್ಟು, ಅಟ್ಟ ಹತ್ತಿ ನೋಡಿ ಬನ್ನಿ ಅಂತ ಕಳಿಸಿದ್ದೇನೆ. ಟಾರ್ಚ್ ಇನ್ನೂ ವಾಪಸ್ ಬಂದಿಲ್ಲ.