ಹಳೆಯ ಆಪ್ಟಿಕಲ್ ಕಂಪ್ರೆಸರ್‌ನ ಚಟಪಟ: ದೀರ್ಘ ಬಳಕೆಯ ವಿಮರ್ಶೆ

ನನ್ನಲ್ಲಿರುವುದು 1960ರ ದಶಕದ ಟೆಲಿಟ್ರಾನಿಕ್ಸ್ ಎಲ್‌ಎ-2ಎ ಹಾಕಿಕೊಟ್ಟ ದಾರಿಯಲ್ಲೇ ಕಟ್ಟಿದ ವಾಲ್ವ್ (ನಿರ್ವಾತ ನಳಿಕೆ) ಕಂಪ್ರೆಸರ್, ಅಂದರೆ ದನಿ ಜೋರಾದಾಗ ಅದನ್ನು ತಾನೇ ತಗ್ಗಿಸುವ ಯಂತ್ರ; ತಯಾರಕರ ಹೆಸರು ಇಲ್ಲಿ ಬೇಡ. ಗಾಯನದ ಧ್ವನಿಮುದ್ರಣಕ್ಕೆ ವರ್ಷಗಳಿಂದ ಇದನ್ನೇ ನೆಚ್ಚಿಕೊಂಡಿದ್ದೇನೆ. ಮುಖ್ಯ ಗುಂಡಿಗಳು ಎರಡೇ, ಗೇನ್ (ದನಿಯ ಮಟ್ಟ) ಮತ್ತು ಪೀಕ್ ರಿಡಕ್ಷನ್ (ಎಷ್ಟು ತಗ್ಗಿಸಬೇಕು ಎಂಬುದು). ದನಿ ಏರಿದಾಗ ಒಳಗಿನ ಫಲಕ ಬೆಳಗುತ್ತದೆ, ಆ ಬೆಳಕಿಗೆ ಕ್ಯಾಡ್ಮಿಯಂ ಸಲ್ಫೈಡ್ ಸೆಲ್‌ನ ರೋಧ ಇಳಿಯುತ್ತದೆ, ಸಿಗ್ನಲ್‌ನ ಒಂದು ಪಾಲು ಗ್ರೌಂಡ್‌ಗೆ ಹರಿದುಹೋಗುತ್ತದೆ. ಬೆಳಕು ಆರಿದರೂ ಸೆಲ್ ಒಮ್ಮೆಲೇ ಚೇತರಿಸಿಕೊಳ್ಳುವುದಿಲ್ಲ: ಮೊದಲ ಅರ್ಧ ಸುಮಾರು 60 ಮಿಲಿಸೆಕೆಂಡುಗಳಲ್ಲಿ, ಉಳಿದದ್ದು ಕೆಲವು ಸೆಕೆಂಡುಗಳಲ್ಲಿ. ದನಿ ಮುಗ್ಗರಿಸದೆ ಹರಿಯುವುದು ಈ ಸೋಮಾರಿತನದಿಂದಲೇ.

ಈಚೆಗೆ ಹಸಿ ಸೌದೆ ಉರಿದಂತೆ ಚಟಪಟ ಶುರುವಾಯಿತು. ಎಲ್ಲರೂ ಮೊದಲು ಬೊಟ್ಟು ಮಾಡುವುದು ಆಪ್ಟಿಕಲ್ ಸೆಲ್ (ಆ ಫಲಕವೂ ಸೆಲ್ಲೂ ಸೇರಿದ ಘಟಕ) ಕಡೆಗೆ, ದುಬಾರಿ ಭಾಗವಲ್ಲವೇ! ಆದರೆ ಮುದಿ ಫಲಕ ಸಾಮಾನ್ಯವಾಗಿ ಮಂಕಾಗುತ್ತದೆ, ಕಂಪ್ರೆಷನ್ ಸಪ್ಪೆಯಾಗುತ್ತದೆ. ಸಿಡಿಯುವುದು ಅದರ ಸ್ವಭಾವವಲ್ಲ. ಆ ಘಟಕ ಸಾಕೆಟ್‌ಗೆ ಸಿಕ್ಕಿಸುವಂಥದ್ದಾದ್ದರಿಂದ ಪರೀಕ್ಷೆ ಸುಲಭ. ವಿದ್ಯುತ್ ಆರಿಸಿ ಅದನ್ನು ಕಿತ್ತು, ಅದಿಲ್ಲದೆಯೇ ಯಂತ್ರಕ್ಕೆ ಮತ್ತೆ ವಿದ್ಯುತ್ ಕೊಟ್ಟೆ. ಕಂಪ್ರೆಷನ್ ಮಾಯವಾಯಿತು, ಚಟಪಟ ಉಳಿಯಿತು. ಸೆಲ್ ನಿರಪರಾಧಿ.

ಗೇನ್ ಸೊನ್ನೆಗೆ ಇಳಿಸಿದರೂ ಸದ್ದು ನಿಲ್ಲಲಿಲ್ಲ. ಎಂದರೆ ದೋಷ ಆ ಗುಂಡಿಯ ನಂತರದ ಹಂತಗಳಲ್ಲಿದೆ. ಸಿಗ್ನಲ್ ವರ್ಧಿಸುವ 12ಎಎಕ್ಸ್7 ವಾಲ್ವ್ ಬದಲಿಸಿದೆ, ಸಾಕೆಟ್‌ನ ಪಿನ್‌ಗಳನ್ನು ಒರೆಸಿದೆ, ಪ್ರಯೋಜನವಾಗಲಿಲ್ಲ. ಒಂದು ಹಂತದಿಂದ ಮುಂದಿನದಕ್ಕೆ ಸಿಗ್ನಲ್ ಮಾತ್ರ ದಾಟಿಸುವ ಕಪ್ಲಿಂಗ್ ಕೆಪಾಸಿಟರ್‌ಗಳ ಗ್ರಿಡ್ ಬದಿಯಲ್ಲಿ (ಮುಂದಿನ ವಾಲ್ವ್‌ಗೆ ಸಿಗ್ನಲ್ ಒಳಹೋಗುವ ಕಡೆ) ಡಿಸಿ (ನೇರ ವಿದ್ಯುತ್) ಸೋರಿಕೆಯೂ ಇರಲಿಲ್ಲ. ಕೊನೆಗೆ ತಂಪು ಸ್ಪ್ರೇಯಿಂದ ಒಂದೊಂದೇ ಬಿಡಿಭಾಗವನ್ನು ಚಳಿಗೊಡ್ಡಿದಾಗ, ಮೊದಲ ಹಂತದ ಪ್ಲೇಟ್ ರೆಸಿಸ್ಟರ್ (ವಾಲ್ವ್‌ಗೆ ಹೆಚ್ಚಿನ ವೋಲ್ಟೇಜ್ ತಲುಪಿಸುವ ರೋಧಕ) ತಣ್ಣಗಾದೊಡನೆ ಸದ್ದು ತಟ್ಟನೆ ನಿಂತಿತು. ಅದು ಹಳೆಯ ಕಾರ್ಬನ್ ಕಾಂಪೊಸಿಷನ್ ರೆಸಿಸ್ಟರ್. ದಶಕಗಳ ಕಾಲ ಶಾಖವನ್ನೂ ಹೆಚ್ಚಿನ ವೋಲ್ಟೇಜನ್ನೂ ತಾಳಿದ ಅಂಥವು ಹೀಗೆ ಗದ್ದಲ ಮಾಡುವುದು ಸಾಮಾನ್ಯ. ಅದೇ ಮೌಲ್ಯದ, ತುಸು ಹೆಚ್ಚಿನ ವಾಟ್ ಸಾಮರ್ಥ್ಯದ ಮೆಟಲ್ ಫಿಲ್ಮ್ ರೆಸಿಸ್ಟರ್ ಹಾಕಿದ ಮೇಲೆ ಯಂತ್ರ ಶಾಂತವಾಗಿದೆ. ಧ್ವನಿಯ ಸ್ವರೂಪ ಕೆಡುತ್ತದೆ ಎಂಬ ಹಳಬರ ಆತಂಕ ನನ್ನ ಕಿವಿಗಂತೂ ನಿಜವೆನಿಸಲಿಲ್ಲ.

ಗುಂಡಿ ತಿರುಗಿಸುವಾಗ ಮಾತ್ರ ಕರಕರ ಎಂದರೆ ಅದು ಬೇರೆ ಕಾಯಿಲೆ. ಕಾಂಟ್ಯಾಕ್ಟ್ ಕ್ಲೀನರ್ ಬಹುತೇಕ ಸಾಕು. ಒರೆಸಿದ ಮೇಲೂ ಉಳಿದರೆ ಪಾಟ್ (ಗುಂಡಿಯ ಹಿಂದಿನ, ಮೌಲ್ಯ ಬದಲಿಸಬಹುದಾದ ರೋಧಕ) ಮೇಲೆ ಡಿಸಿ ಬರುತ್ತಿದೆಯೇ ನೋಡಿ.

ಒಳಗೆ ಪ್ರಾಣ ತೆಗೆಯುವಷ್ಟು ವೋಲ್ಟೇಜ್ ಇದೆ, ಆರಿಸಿದ ಮೇಲೂ ಫಿಲ್ಟರ್ ಕೆಪಾಸಿಟರ್‌ಗಳು ಅದನ್ನು ಹಿಡಿದಿಟ್ಟುಕೊಳ್ಳುತ್ತವೆ. ವಾಲ್ವ್ ಉಪಕರಣಗಳ ಅಭ್ಯಾಸವಿಲ್ಲದವರು ಮುಚ್ಚಳ ತೆರೆಯಲೇಬೇಡಿ, ತಂತ್ರಜ್ಞರಿಗೆ ಕೊಡಿ.

ಗಾಯನಕ್ಕೂ ಬಾಸ್‌ಗೂ ನನ್ನಿಂದ ಪೂರ್ಣ ಅಂಕ. ಡ್ರಮ್‌ಗೆಂದು ಕೊಳ್ಳುವವರು ಬೇರೆಡೆ ನೋಡುವುದು ಒಳ್ಳೆಯದು. ಅಟ್ಯಾಕ್ (ದನಿ ತಗ್ಗಿಸಲು ಶುರುಮಾಡುವ ವೇಗ) ಬದಲಿಸಲು ಇದರಲ್ಲಿ ಗುಂಡಿಯೇ ಇಲ್ಲ.