ಆರ್‌ಆರ್ ಡಿಬಗ್ಗರ್: ಪ್ರೋಗ್ರಾಮಿನ ಕಾಲವನ್ನು ಹಿಂದಕ್ಕೆ ಓಡಿಸುವ ಉಪಕರಣ, ದೀರ್ಘ ಬಳಕೆಯ ನಂತರ

ಸಿ++ ಪ್ರೋಗ್ರಾಮು ಕುಸಿದು ಬೀಳುವ ಸಾಲು ಒಂದು, ತಪ್ಪು ನಡೆದ ಸಾಲು ಇನ್ನೊಂದು. ಎರಡರ ನಡುವೆ ಕೋಟ್ಯಂತರ ಇನ್‌ಸ್ಟ್ರಕ್ಷನ್‌ಗಳು ಓಡಿಹೋಗಿರುತ್ತವೆ. ಸಾಮಾನ್ಯ ಡಿಬಗ್ಗರ್ (ದೋಷ ಹುಡುಕುವ ಉಪಕರಣ) ಪರಿಣಾಮವನ್ನು ತೋರಿಸಿ ಕೈಬಿಡುತ್ತದೆ. ಕಾರಣವನ್ನು ನಾವೇ ಊಹಿಸಿ, ಓಟ ನಿಲ್ಲಬೇಕಾದ ಸಾಲಿನಲ್ಲಿ ಬ್ರೇಕ್‌ಪಾಯಿಂಟ್ ಇಡಬೇಕು, ಒಂದು ಹೆಜ್ಜೆ ಮುಂದೆ ಹೋಗಿಬಿಟ್ಟರೆ ಮತ್ತೆ ಮೊದಲಿನಿಂದ ಶುರು. ಫೈರ್‌ಫಾಕ್ಸ್‌ನ ದೋಷಗಳನ್ನು ಹಿಡಿಯಲು ಮೊಜಿಲ್ಲಾದಲ್ಲಿ ಹುಟ್ಟಿದ ಆರ್‌ಆರ್, ಓಟವನ್ನು ರೆಕಾರ್ಡ್ ಮಾಡಿ ಹಿಂದಕ್ಕೂ ಓಡಿಸಿ ತೋರಿಸುವುದರಿಂದ, ಈ ಊಹೆಯ ಕೆಲಸವನ್ನೇ ಇಲ್ಲವಾಗಿಸುತ್ತದೆ. ಲಿನಕ್ಸ್‌ನಲ್ಲಿ ಮಾತ್ರ ಓಡುತ್ತದೆ, ದುಡ್ಡು ಕೊಡಬೇಕಿಲ್ಲ.

ಇದರ ನಿಜವಾದ ಸುಖ ಇರುವುದು ಒಂದೇ ಗುಣದಲ್ಲಿ: ಒಮ್ಮೆ ರೆಕಾರ್ಡ್ ಮಾಡಿದ ಓಟ ಎಷ್ಟು ಸಲ ರಿಪ್ಲೇ ಮಾಡಿದರೂ ಕೂದಲೆಳೆಯಷ್ಟೂ ಬದಲಾಗುವುದಿಲ್ಲ. ಹೊರಗಿನಿಂದ ಬಂದದ್ದನ್ನು ಮಾತ್ರ, ಅಂದರೆ ಸಿಸ್ಟಂ ಕಾಲ್‌ಗಳ (ಆಪರೇಟಿಂಗ್ ಸಿಸ್ಟಂಗೆ ಪ್ರೋಗ್ರಾಮು ಸಲ್ಲಿಸುವ ಕೋರಿಕೆಗಳ) ಫಲಿತಾಂಶ, ಸಿಗ್ನಲ್‌ಗಳು, ಥ್ರೆಡ್ (ಪ್ರೋಗ್ರಾಮಿನೊಳಗೆ ಬೇರೆಯಾಗಿ ಓಡುವ ಕೆಲಸದ ಎಳೆ) ಬದಲಾದ ಗಳಿಗೆ ಇಂಥವನ್ನು, ಅದು ಬರೆದಿಟ್ಟುಕೊಳ್ಳುತ್ತದೆ. ಉಳಿದದ್ದನ್ನು ಸಿಪಿಯು ತಾನೇ ಮತ್ತೆ ಲೆಕ್ಕ ಹಾಕಿ ಅದೇ ಜಾಗಕ್ಕೆ ಬರುತ್ತದೆ. ಹಾಗಾಗಿ ಮೆಮೊರಿ ವಿಳಾಸಗಳೂ ಅವೇ. ನಿನ್ನೆ ಚೀಟಿಯಲ್ಲಿ ಗೀಚಿಟ್ಟ ಪಾಯಿಂಟರ್ (ಮೆಮೊರಿ ವಿಳಾಸ) ಇವತ್ತಿನ ರಿಪ್ಲೇಯಲ್ಲೂ ಅದೇ ವಸ್ತುವನ್ನು ತೋರಿಸುತ್ತದೆ. ಇದರ ಬೆಲೆ ಬಳಸಿದವರಿಗೇ ಗೊತ್ತು.

ದಿನನಿತ್ಯದ ಕ್ರಮ ಹೀಗೆ. ಕುಸಿದ ಓಟವನ್ನು ರೆಕಾರ್ಡ್ ಮಾಡಿಕೊಂಡ ಮೇಲೆ ‘ಆರ್‌ಆರ್ ರಿಪ್ಲೇ’ ಕೊಟ್ಟರೆ, ಲಿನಕ್ಸ್‌ನಲ್ಲಿ ರೂಢಿಯಲ್ಲಿರುವ ಡಿಬಗ್ಗರ್ ಜಿಡಿಬಿ ತೆರೆಯುತ್ತದೆ. ‘ಸಿ’ ಒತ್ತಿದರೆ ಕುಸಿದ ಜಾಗ ಬರುತ್ತದೆ. ಕೆಟ್ಟ ಮೌಲ್ಯ ಯಾವ ಫೀಲ್ಡ್‌ನಲ್ಲಿದೆ ನೋಡಿ, ಅದರ ಮೇಲೆ ‘ವಾಚ್ -ಎಲ್’ (ಮೌಲ್ಯ ಬದಲಾದೊಡನೆ ಓಟ ನಿಲ್ಲಿಸುವ ಕಾವಲು) ಹಾಕಿ, ‘ರಿವರ್ಸ್-ಕಂಟಿನ್ಯೂ’ ಕೊಡಬೇಕು. ಮೊದಲ ಸಲ ಅದೇ ಸಿಗ್ನಲ್‌ನಲ್ಲೇ ಮತ್ತೆ ನಿಲ್ಲಬಹುದು; ಗಾಬರಿ ಬೇಡ, ಇನ್ನೊಮ್ಮೆ ಕೊಡಿ. ಆ ಜಾಗಕ್ಕೆ ಕೊನೆಯದಾಗಿ ಯಾರು ಬರೆದರೋ ಆ ಸಾಲಿನಲ್ಲೇ ಬಂದು ನಿಲ್ಲುತ್ತದೆ. ಹಿಂದಕ್ಕೆ ಓಡುತ್ತಿರುವುದರಿಂದ ‘ಓಲ್ಡ್ ವ್ಯಾಲ್ಯೂ’ ಎಂದು ಕಾಣುವುದು ಬರೆದ ನಂತರದ ಮೌಲ್ಯ, ‘ನ್ಯೂ ವ್ಯಾಲ್ಯೂ’ ಎನ್ನುವುದು ಬರೆಯುವ ಮುಂಚಿನದು. ಹೊಸಬರು ಎಡವುವುದು ಇಲ್ಲೇ. ಆ ಮೌಲ್ಯ ಎಲ್ಲಿಂದ ಬಂತು ಎಂದು ಅದರ ಮೂಲಕ್ಕೂ ವಾಚ್ ಹಾಕಿ ಮತ್ತೆ ಹಿಂದೆ ಹೋಗಬಹುದು. ಕಾರ್ಯದಿಂದ ಕಾರಣಕ್ಕೆ, ಆ ಕಾರಣದ ಕಾರಣಕ್ಕೆ.

‘-ಎಲ್’ ಬಿಡಬಾರದು. ಅದಿದ್ದರೆ ವಿಳಾಸಕ್ಕೇ ಕಾವಲು. ಇಲ್ಲದಿದ್ದರೆ ಫಂಕ್ಷನ್ನಿನ ವ್ಯಾಪ್ತಿ ಮುಗಿದಾಗ ವಾಚ್‌ಪಾಯಿಂಟೂ ಹೋಗಿಬಿಡುತ್ತದೆ. ಎಕ್ಸ್86 ಸಿಪಿಯುನಲ್ಲಿ ಹಾರ್ಡ್‌ವೇರ್ ಕಾವಲುಗಳು ನಾಲ್ಕೇ, ಒಂದೊಂದಕ್ಕೂ ಹೆಚ್ಚೆಂದರೆ 8 ಬೈಟ್. ಇಡೀ ಸ್ಟ್ರಕ್ಟ್ ಕಾಯಲು ಹೋದರೆ ಓಟ ಆಮೆಯಾಗುತ್ತದೆ, ಬೇಕಾದ ಒಂದು ಫೀಲ್ಡ್ ಸಾಕು. ಫ್ರೀ ಮಾಡಿದ ವಸ್ತುವನ್ನು ಮತ್ತೆ ಬಳಸಿದ ದೋಷಕ್ಕಂತೂ ಇದಕ್ಕಿಂತ ಒಳ್ಳೆಯ ದಾರಿ ಇಲ್ಲ: ವಸ್ತುವಿನ ಮೊದಲ 8 ಬೈಟ್‌ಗೆ ವಾಚ್ ಹಾಕಿ ಹಿಂದೆ ಹೋಗಿ. ಸಾಮಾನ್ಯವಾಗಿ ಅಲೊಕೇಟರ್ (ಮೆಮೊರಿ ಹಂಚುವ ಕೋಡ್) ತನ್ನ ಲೆಕ್ಕವನ್ನು ಅಲ್ಲೇ ಬರೆಯುವುದರಿಂದ ‘ಫ್ರೀ’ ಕರೆದವರ ಪೂರ್ತಿ ಬ್ಯಾಕ್‌ಟ್ರೇಸ್ (ಯಾವ ಫಂಕ್ಷನ್ ಯಾವುದನ್ನು ಕರೆಯಿತು ಎಂಬ ಪಟ್ಟಿ) ಕಣ್ಮುಂದೆ ಬರುತ್ತದೆ. ‘ವೆನ್’ ಕೊಟ್ಟರೆ ಆ ಕ್ಷಣದ ಈವೆಂಟ್ ಸಂಖ್ಯೆ ಸಿಗುತ್ತದೆ. ಅದನ್ನು ಬರೆದಿಟ್ಟುಕೊಂಡರೆ ಮುಂದಿನ ಸಲ ‘ರಿಪ್ಲೇ -ಜಿ’ ಮೂಲಕ ನೇರ ಅಲ್ಲಿಗೇ ಹೋಗಬಹುದು.

ಜಿಡಿಬಿಯಲ್ಲೇ 2009ರ 7.0 ಆವೃತ್ತಿಯಿಂದ ಹಿಂದಕ್ಕೆ ಓಡಿಸುವ ಸೌಲಭ್ಯ ಇದೆ. ಆದರೆ ಅದು ಪ್ರತಿ ಇನ್‌ಸ್ಟ್ರಕ್ಷನ್ನಿನ ಬದಲಾವಣೆಯನ್ನೂ ದಾಖಲಿಸುತ್ತದೆ. ಹೊಂದಿಸದೆ ಬಿಟ್ಟರೆ 2,00,000 ಇನ್‌ಸ್ಟ್ರಕ್ಷನ್ನಿಗೇ ಅದರ ಮಿತಿ ಮುಗಿಯಿತು. ದೊಡ್ಡ ಪ್ರೋಗ್ರಾಮಿಗೆ ಅದು ಏನೂ ಅಲ್ಲ.

ಕಿರಿಕಿರಿ ಶುರುವಾಗುವುದು ರೆಕಾರ್ಡ್ ಮಾಡುವ ಹಂತದಲ್ಲಿ. ಎಲ್ಲ ಥ್ರೆಡ್‌ಗಳನ್ನೂ ಆರ್‌ಆರ್ ಒಂದೇ ಕೋರ್‌ನಲ್ಲಿ ಸರದಿಯಂತೆ ಓಡಿಸುತ್ತದೆ. ಒಂಟಿ ಥ್ರೆಡ್ಡಿನ ಪ್ರೋಗ್ರಾಮಿಗೆ ಹೊರೆ ಅಷ್ಟಾಗಿ ತಿಳಿಯದು, ಎಂಟು ಕೋರ್ ತುಂಬಿ ಓಡುವ ಕೆಲಸ ಮಾತ್ರ ಎಂಟು ಪಟ್ಟಿಗೂ ಮೀರಿ ನಿಧಾನವಾಗುತ್ತದೆ. ಇನ್ನೂ ಬೇಸರದ ಸಂಗತಿ ಎಂದರೆ, ಥ್ರೆಡ್‌ಗಳ ಪೈಪೋಟಿಯಿಂದ ಬರುವ ದೋಷ ರೆಕಾರ್ಡ್ ಮಾಡುವಾಗಲೇ ತಲೆಮರೆಸಿಕೊಳ್ಳುತ್ತದೆ. ‘ಕೇಯಾಸ್’ ಆಯ್ಕೆ ಕೊಟ್ಟರೆ ಥ್ರೆಡ್‌ಗಳ ಆದ್ಯತೆಯನ್ನು ಯದ್ವಾತದ್ವಾ ಬದಲಿಸಿ ದೋಷವನ್ನು ಹೊರಗೆಳೆಯಲು ನೋಡುತ್ತದೆ. ಸ್ಕ್ರಿಪ್ಟ್ ಬರೆದು, ಕುಸಿಯುವ ತನಕ ಓಡಿಸಿ, ಸರಿಯಾಗಿ ಮುಗಿದ ದಾಖಲೆಗಳನ್ನು ಅಳಿಸುತ್ತಾ ಹೋಗುವುದೇ ಉಪಾಯ. ಎರಡು ಕೋರ್‌ಗಳ ಮೆಮೊರಿ ಬರಹದ ಕ್ರಮ ಹೆಚ್ಚುಕಡಿಮೆ ಆಗುವುದರಿಂದ ಬರುವ ದೋಷಗಳಂತೂ ಒಂದೇ ಕೋರ್‌ನಲ್ಲಿ ಹುಟ್ಟುವುದೇ ಇಲ್ಲ. ಅವಕ್ಕೆ ಆರ್‌ಆರ್ ಮದ್ದಲ್ಲ.

ಹಾರ್ಡ್‌ವೇರ್ ವಿಷಯದಲ್ಲೂ ಹಟಮಾರಿ. ಥ್ರೆಡ್ ಬದಲಾದ ಗಳಿಗೆಯನ್ನು ಗುರುತಿಸಲು ಸಿಪಿಯುನೊಳಗಿನ ಎಣಿಕೆ ಯಂತ್ರವಾದ ಪರ್ಫಾರ್ಮೆನ್ಸ್ ಕೌಂಟರ್‌ನಲ್ಲಿ ಕಂಡಿಷನಲ್ ಬ್ರಾಂಚ್‌ಗಳನ್ನು (ಷರತ್ತಿನ ಜಿಗಿತಗಳನ್ನು) ಎಣಿಸುತ್ತದೆ. ಕರ್ನಲ್‌ನ ‘ಪರ್ಫ್ ಈವೆಂಟ್ ಪ್ಯಾರನಾಯ್ಡ್’ ಮೌಲ್ಯ 1 ಅಥವಾ ಅದಕ್ಕಿಂತ ಕಡಿಮೆ ಇರಬೇಕು. ಕರ್ನಲ್ ಹೊಂದಿಕೆಗಳನ್ನು ಉಳಿಸಿಡುವ ಸಿಸ್‌ಕಂಟ್ರೋಲ್ ಫೈಲಿನಲ್ಲಿ ಬರೆಯದಿದ್ದರೆ ರೀಬೂಟ್ ಆದಾಗ ಹಳೆಯದೇ ಗತಿ. ಎಎಮ್‌ಡಿ ರೈಜೆನ್ ಇದ್ದರೆ ಜೊತೆಗೆ ಬರುವ ಜೆನ್ ವರ್ಕ್‌ಅರೌಂಡ್ ಸ್ಕ್ರಿಪ್ಟನ್ನೂ ಪ್ರತಿ ಬೂಟ್ ನಂತರ ಓಡಿಸಬೇಕು, ಇಲ್ಲದಿದ್ದರೆ ಎಣಿಕೆ ತಪ್ಪಿ ರಿಪ್ಲೇ ದಾರಿ ಬಿಡುತ್ತದೆ. ಬಾಡಿಗೆಯ ವರ್ಚುವಲ್ ಯಂತ್ರಗಳಲ್ಲಿ ಈ ಕೌಂಟರ್‌ಗಳು ಕಾಣದಿರುವುದೇ ಹೆಚ್ಚು, ಅಲ್ಲಿ ಆರ್‌ಆರ್ ಶುರುವೇ ಆಗುವುದಿಲ್ಲ. ಬಾಡಿಗೆ ಕಟ್ಟುವ ಮುಂಚೆ ಇದನ್ನು ಪರೀಕ್ಷಿಸಿಕೊಳ್ಳಿ. ಗ್ರಾಫಿಕ್ಸ್ ಕಾರ್ಡಿನೊಂದಿಗೆ ನೇರ ವ್ಯವಹರಿಸುವ ಪ್ರೋಗ್ರಾಮುಗಳನ್ನು ಸಾಫ್ಟ್‌ವೇರ್ ರೆಂಡರಿಂಗ್‌ಗೆ ಬದಲಿಸಿಕೊಂಡೇ ರೆಕಾರ್ಡ್ ಮಾಡಬೇಕು.

ಮತ್ತೊಂದು ಮಿತಿ: ಕಳೆದದ್ದನ್ನು ನೋಡಬಹುದು, ತಿದ್ದಲಾಗದು. ರಿಪ್ಲೇ ನಡುವೆ ಜಿಡಿಬಿಯಿಂದ ಫಂಕ್ಷನ್ ಕರೆದರೆ ಅದು ಬೇರೆಯೇ ಪ್ರತಿಯಲ್ಲಿ ಓಡಿ, ಅದರ ಪರಿಣಾಮ ಅಲ್ಲೇ ಅಳಿದುಹೋಗುತ್ತದೆ. ‘ಈ ಮೌಲ್ಯ ಬೇರೆ ಆಗಿದ್ದರೆ?’ ಎಂಬ ಪ್ರಶ್ನೆಗೆ ಉತ್ತರ ಬೇಕಿದ್ದರೆ ಕೋಡ್ ಬದಲಿಸಿ ಹೊಸದಾಗಿ ರೆಕಾರ್ಡ್ ಮಾಡಬೇಕು. ನನಗೆ ಇದು ಕೊರತೆ ಎನಿಸಿಲ್ಲ, ದಾಖಲೆಯನ್ನು ನಂಬಬಹುದಾದದ್ದೇ ಅದು ಬದಲಾಗದಿರುವುದರಿಂದ.

ದಾಖಲೆಯನ್ನು ಬೇರೆ ಯಂತ್ರಕ್ಕೆ ಕಳಿಸುವ ಮುಂಚೆ ‘ಆರ್‌ಆರ್ ಪ್ಯಾಕ್’ ಮಾಡುವುದನ್ನು ಮರೆಯಬೇಡಿ. ಬೇಕಾದ ಬೈನರಿ, ಲೈಬ್ರರಿಗಳೆಲ್ಲ ಆಗ ಒಳಗೇ ಸೇರುತ್ತವೆ. ರೆಕಾರ್ಡ್ ಮಾಡಿದ ಸಿಪಿಯು ಎವಿಎಕ್ಸ್-512 (ಕೆಲವೇ ಸಿಪಿಯುಗಳಲ್ಲಿರುವ ಇನ್‌ಸ್ಟ್ರಕ್ಷನ್‌ಗಳ ಗುಂಪು) ಬಳಸಿದ್ದು, ತೆರೆಯುವವರ ಸಿಪಿಯುನಲ್ಲಿ ಅದಿಲ್ಲದಿದ್ದರೆ ಪ್ಯಾಕ್ ಮಾಡಿದ್ದರೂ ರಿಪ್ಲೇ ಆಗದು. ತಂಡದಲ್ಲಿ ಹಂಚಿಕೊಳ್ಳುವ ದಾಖಲೆಗಳನ್ನು ಇರುವ ಯಂತ್ರಗಳಲ್ಲೇ ಹಳೆಯದರ ಮೇಲೆ ಮಾಡುವುದು ಕ್ಷೇಮ.