ಕೈಯಲ್ಲಿ ತಿರುಗಿಸುವ ಖೀಮಾ ಮೆಷಿನ್: ಕಮ್ಮಿ ಖರ್ಚಿನ ಬೀಫ್ ಸೂಪಿಗೆ ಇದೊಂದು ಸಾಕು

ಮೊದಲೇ ಹೇಳಿಬಿಡುತ್ತೇನೆ. ಮನೆಯಲ್ಲಿ ನಾಲ್ಕೈದು ಜನ ಇದ್ದು, ವಾರಕ್ಕೊಮ್ಮೆಯಾದರೂ ಬೀಫ್ ತರುವವರಾದರೆ ಈ ಮೆಷಿನ್ ತೆಗೆದುಕೊಳ್ಳಿ. ಎರಡು ಸಾವಿರ ರೂಪಾಯಿಯೊಳಗೆ ಬರುತ್ತದೆ, ಕರೆಂಟ್ ಬೇಡ, ಸದ್ದಿಲ್ಲ, ಒರೆಸಿ ಒಣಗಿಸಿ ಇಟ್ಟುಕೊಂಡರೆ ಹಾಳಾಗುವಂಥದ್ದು ಅದರಲ್ಲಿ ಹೆಚ್ಚೇನೂ ಇಲ್ಲ. ನಾನು ತಂದದ್ದು ಮಂಗಳೂರಿನ ಹಂಪನಕಟ್ಟೆ ಕಡೆಯ ಒಂದು ಪಾತ್ರೆ ಅಂಗಡಿಯಿಂದ. ಕಂಪನಿ ಹೆಸರು ಬರೆಯುತ್ತಿಲ್ಲ. ಹೆಚ್ಚುಕಮ್ಮಿ ಇದೇ ಅಚ್ಚಿನದ್ದು ಬೇರೆ ಬೇರೆ ಹೆಸರಲ್ಲಿ ಸಿಗುತ್ತದೆ. ಹೆಸರು ಯಾವುದಾದರೂ ಆಗಲಿ, ಒಳಗಿನ ಬ್ಲೇಡು ಹೇಗುಂಟು ಎಂದು ನೋಡಿ ತರಬೇಕು.

ಗೊತ್ತಿಲ್ಲದವರಿಗೆ: ಇದು ಬೀಡು ಕಬ್ಬಿಣದ್ದು, ಮೇಲೆ ತವರದ ಲೇಪ. ಮೇಜಿನ ಅಂಚಿಗೆ ಕಚ್ಚಿಸಿ ತಿರುಪು ಬಿಗಿಯಬೇಕು. ಮೇಲಿನ ಬಾಯಿಗೆ ಮಾಂಸದ ತುಂಡು ಹಾಕಿ ಹಿಡಿ ತಿರುಗಿಸಿದರೆ ಒಳಗಿನ ಸುರುಳಿ ಅದನ್ನು ಮುಂದಕ್ಕೆ ತಳ್ಳುತ್ತದೆ, ನಾಲ್ಕು ರೆಕ್ಕೆಯ ಬ್ಲೇಡು ಕತ್ತರಿಸುತ್ತದೆ, ಚಕ್ಕುಲಿ ಒರಳಿನದ್ದರ ಹಾಗಿರುವ ತೂತಿನ ಬಿಲ್ಲೆಯಿಂದ ಖೀಮಾ ಹೊರಗೆ ಬರುತ್ತದೆ. ಅಷ್ಟೇ. ನಂಬರಿನ ಮೇಲೆ ಸೈಜು: 5ನೇ ನಂಬರಿನ ಬಿಲ್ಲೆಯ ಅಡ್ಡಳತೆ ಸುಮಾರು 54 ಮಿಲಿಮೀಟರ್, 8ರದ್ದು 62, 12ರದ್ದು 70. ಮನೆಗೆ 8 ಸರಿ. 5 ತೀರಾ ಸಣ್ಣದು, ಮಾಂಸವನ್ನು ಬಟಾಣಿಯಷ್ಟು ಮಾಡಿ ಹಾಕುತ್ತಾ ಕೂರಬೇಕು. 22, 32 ಎಲ್ಲ ದೊಡ್ಡ ಅಡುಗೆಯವರಿಗೆ.

"ಕತ್ತಿಯಲ್ಲಿ ಕೊಚ್ಚಿದರೆ ಆಗುದಿಲ್ವಾ, ಇದೆಂತಕ್ಕೆ?" ಎಂದು ನಮ್ಮ ಅತ್ತೆ ಕೇಳಿದ್ದರು. ಆಗುತ್ತದೆ, ಆದರೆ ನಮ್ಮಲ್ಲಿ ಸಿಗುವ ಮಾಂಸಕ್ಕೆ ಅದು ದೊಡ್ಡ ಕೆಲಸ. ಇಲ್ಲಿ ಬೀಫ್ ಅಂದರೆ ಎಮ್ಮೆ ಅಥವಾ ಕೋಣದ್ದು. 2020ರ ಜಾನುವಾರು ಕಾಯ್ದೆ ಬಂದ ಮೇಲೆ ಕರ್ನಾಟಕದಲ್ಲಿ ದನ, ಕರು, ಹೋರಿ, ಎತ್ತು ಯಾವುದನ್ನೂ ಕಡಿಯುವ ಹಾಗಿಲ್ಲ. 13 ವರ್ಷ ದಾಟಿದ ಎಮ್ಮೆ, ಕೋಣಕ್ಕೆ ಮಾತ್ರ, ಅದೂ ಸರ್ಟಿಫಿಕೇಟ್ ಇದ್ದರೆ, ಅವಕಾಶ ಉಂಟು. ಅಂದರೆ ನಮ್ಮ ಅಡುಗೆ ಮನೆಗೆ ಬರುವುದು ವಯಸ್ಸಾದ ಪ್ರಾಣಿಯ ಮಾಂಸ. ಗಟ್ಟಿ, ನಾರು ಜಾಸ್ತಿ, ಕೊಬ್ಬು ಕಡಿಮೆ. ಇದನ್ನು ತುಂಡು ಮಾಡಿ ಸುಕ್ಕ ಮಾಡಿದರೆ ಎಷ್ಟು ವಿಸಿಲ್ ಕೊಟ್ಟರೂ ಒಂದೆರಡು ತುಂಡು ಹಲ್ಲಿಗೆ ಸಿಕ್ಕಿಕೊಳ್ಳುತ್ತದೆ, ಅಲ್ವಾ? ಅದೇ ಮಾಂಸವನ್ನು ಖೀಮಾ ಮಾಡಿ ಸೂಪಿಗೆ ಹಾಕಿದರೆ ಆ ದೋಷವೇ ಗುಣ ಆಗುತ್ತದೆ. ಕುತ್ತಿಗೆ, ಕಾಲಿನ ಭಾಗದಲ್ಲಿ ಇರುವ ಬಿಳಿ ನಾರು ನಿಧಾನವಾಗಿ ಬೆಂದಾಗ ಕರಗಿ ಅಂಟಾಗುತ್ತದೆ, ಸೂಪಿಗೆ ಮೈ ಬರುತ್ತದೆ. ತುಟಿಗೆ ಸ್ವಲ್ಪ ಅಂಟುವ ಆ ಸೂಪು ಮೆತ್ತಗಿನ ದುಬಾರಿ ತುಂಡಿನಿಂದ ಬರುವುದೇ ಇಲ್ಲ.

ಇನ್ನು ಅಂಗಡಿಯಲ್ಲೇ ಖೀಮಾ ಮಾಡಿಸಿದರೆ ಆಗದಾ ಎಂದು ಕೇಳಬಹುದು. ಮಾಡಿಕೊಡುತ್ತಾರೆ. ಆದರೆ ನಾನು ನೋಡಿದ ಕಡೆ ಎಲ್ಲ ಸಣ್ಣ ತೂತಿನ ಬಿಲ್ಲೆ, ಅದರಲ್ಲೂ ಎರಡು ಸಲ ಹಾಕುತ್ತಾರೆ. ಕಬಾಬಿಗೆ, ಕಟ್ಲೆಟಿಗೆ ಅದು ಒಳ್ಳೆಯದೇ. ಸೂಪಿಗೆ ಹಾಕಿದರೆ ಮಾತ್ರ ಕರಗಿ ಹಿಟ್ಟು ಹಿಟ್ಟಾಗಿ ತಳದಲ್ಲಿ ಕೂರುತ್ತದೆ, ಚಮಚಕ್ಕೆ ಮಾಂಸ ಅಂತ ಸಿಗುವುದಿಲ್ಲ. ಇನ್ನೊಂದು ವಿಷಯ, ಒಬ್ಬರದ್ದು ಮುಗಿದ ಮೇಲೆ ಮೆಷಿನ್ ತೊಳೆಯದೆ ಇನ್ನೊಬ್ಬರದ್ದು ಹಾಕುವುದು. ಇಡೀ ತುಂಡಿನಲ್ಲಿ ಕ್ರಿಮಿ ಇರುವುದು ಹೆಚ್ಚಾಗಿ ಹೊರಮೈಯಲ್ಲಿ. ಖೀಮಾ ಮಾಡಿದಾಗ ಹೊರಗಿನದ್ದು ಪೂರ್ತಿ ಒಳಗೆ ಸೇರುತ್ತದೆ. ಅದಕ್ಕೇ ಖೀಮಾ ಚೆನ್ನಾಗಿ ಬೇಯಬೇಕು, ಒಳಗೆ 71 ಡಿಗ್ರಿ ಸೆಲ್ಸಿಯಸ್ ಮುಟ್ಟಬೇಕು ಅನ್ನುವುದು. ಕುಕ್ಕರಿನಲ್ಲಿ ಆ ಚಿಂತೆ ಇಲ್ಲ, ಅಲ್ಲಿ 120ರ ಹತ್ತಿರ ಹೋಗುತ್ತದೆ. ಆದರೂ ನಮ್ಮ ಮಾಂಸ ನಮ್ಮ ಎದುರೇ, ತೊಳೆದ ಮೆಷಿನಿನಲ್ಲಿ ಆದರೆ ಮನಸ್ಸಿಗೆ ಸಮಾಧಾನ. ಮಿಕ್ಸಿಯಲ್ಲಿ ಮಾಡುವ ಯೋಚನೆ ಬೇಡ. ಮಿಕ್ಸಿ ಬ್ಲೇಡು ಮಾಂಸವನ್ನು ಅರೆಯುತ್ತದೆ, ಬಿಸಿ ಬೇರೆ ಮಾಡುತ್ತದೆ.

ಈಗ ನಮ್ಮ ಬೀಫ್ ಅಂಗಡಿಯಲ್ಲಿ ನಾನು ಕೇಳುವುದೇ ಬೇರೆ. "ಕಾಕ, ಕುತ್ತಿಗೆದು ಕೊಡಿ, ಜೊತೆಗೆ ಎರಡು ಮೂಳೆ ಹಾಕಿ" ಅಂದರೆ ಅವರಿಗೂ ಖುಷಿ. "ಅಕ್ಕಾ, ಇದನ್ನು ಹೆಚ್ಚಿನವರು ಬೇಡ ಅಂತಾರೆ, ನೀವು ಕೇಳಿ ತಗೊಳ್ತೀರಲ್ಲ" ಅಂತಾರೆ. ಬೀಫೇ ಆಡಿನ ಮಾಂಸಕ್ಕಿಂತ ಎಷ್ಟೋ ಕಮ್ಮಿ ಬೆಲೆ. ಅದರಲ್ಲೂ ಯಾರೂ ಆರಿಸದ ಭಾಗ ತಂದು ಕಾಲು ಕಿಲೋದಲ್ಲಿ ಐದು ಜನರ ಹೊಟ್ಟೆ ತುಂಬಿಸುವುದು ಎಂದರೆ ತಿಂಗಳ ಖರ್ಚಿನಲ್ಲಿ ನಿಜವಾಗಿ ವ್ಯತ್ಯಾಸ ಕಾಣುತ್ತದೆ. ಬೀಫ್ ತಿನ್ನದವರು ಆಡು, ಕೋಳಿ ಯಾವುದನ್ನೂ ಇದರಲ್ಲಿ ಮಾಡಬಹುದು. ಕೋಳಿಯಾದರೆ ತೊಡೆಯ ಮಾಂಸ ತನ್ನಿ, ಎದೆಯದ್ದು ಸೂಪಿನಲ್ಲಿ ಒಣಒಣ ಆಗುತ್ತದೆ.

ಮೆಷಿನ್ ಬಳಸುವುದರಲ್ಲಿ ಎರಡು ಮೂರು ಗುಟ್ಟು ಉಂಟು. ಮಾಂಸವನ್ನು ಎರಡು ಬೆರಳಗಲದ ಪಟ್ಟಿಗಳಾಗಿ ಕತ್ತರಿಸಿ, ಅರ್ಧ ಗಂಟೆ ಫ್ರೀಜರಿನಲ್ಲಿಡಿ. ಸುರುಳಿ, ಬ್ಲೇಡು, ಬಿಲ್ಲೆಯನ್ನೂ ಅದರ ಜೊತೆಗೇ ಇಡಿ. ನಮ್ಮ ಊರಿನ ಸೆಕೆಗೆ ಇದು ತುಂಬಾ ಮುಖ್ಯ. ತಣ್ಣಗಿದ್ದರೆ ಮಾಂಸ ಗರಗರ ಎಂದು ಕತ್ತರಿಸಿಕೊಂಡು ಬರುತ್ತದೆ, ಬಿಲ್ಲೆಯ ಒಂದೊಂದು ತೂತಿನಿಂದ ಒಂದೊಂದು ಎಳೆ ಬಿಡಿಬಿಡಿಯಾಗಿ ಬೀಳುತ್ತದೆ, ಕೆಂಪಿನ ಮಧ್ಯೆ ಬಿಳಿ ಕೊಬ್ಬಿನ ಚುಕ್ಕಿ ಬೇರೆಯೇ ಕಾಣುತ್ತದೆ. ಬೆಚ್ಚಗಾದರೆ ಕೊಬ್ಬು ಬ್ಲೇಡಿಗೆ ಮೆತ್ತಿಕೊಂಡು ಎಲ್ಲ ಒಂದೇ ಬಣ್ಣದ ಪೇಸ್ಟು. ಬ್ಲೇಡಿನ ಚಪ್ಪಟೆ ಮುಖ ಬಿಲ್ಲೆಯ ಕಡೆಗೆ ಇರಬೇಕು, ತಿರುಗಿಸಿ ಹಾಕಿದರೆ ಏನೂ ಕತ್ತರಿಸುವುದಿಲ್ಲ, ಬರೀ ಜಜ್ಜುತ್ತದೆ. ನಡುವೆ ಹಿಡಿ ಬಿಗಿಯಾದರೆ ಬಲ ಹಾಕಬೇಡಿ. ನಾರು ಸುತ್ತಿಕೊಂಡಿರುತ್ತದೆ, ಬಿಚ್ಚಿ ತೆಗೆಯಿರಿ. ಬೆರಳಲ್ಲಂತೂ ತಳ್ಳಲೇಬೇಡಿ, ಮರದ ಕಡ್ಡಿಯೊಂದು ಕೊಟ್ಟಿರುತ್ತಾರೆ. ಕೊನೆಗೆ ಹಳೆಯ ಬ್ರೆಡ್ಡಿನ ತುಂಡೊಂದನ್ನು ಹಾಕಿ ತಿರುಗಿಸಿದರೆ ಒಳಗೆ ಉಳಿದ ಮಾಂಸವೂ ಹೊರಗೆ ಬರುತ್ತದೆ. ನನ್ನ ಮೆಷಿನಿಗೆ ಎರಡು ಬಿಲ್ಲೆ ಬಂದಿತ್ತು. ಸೂಪಿಗೆ ದೊಡ್ಡ ತೂತಿನದ್ದೇ, ಒಂದೊಂದು ತೂತು 8 ಮಿಲಿಮೀಟರಿನದ್ದು, ಒಂದೇ ಸಲ.

ಸೂಪು ನಾನು ಮಾಡುವುದು ಹೀಗೆ. 5 ಲೀಟರ್ ಕುಕ್ಕರಿನಲ್ಲಿ ಎರಡು ಚಮಚ ತೆಂಗಿನೆಣ್ಣೆ, ದೊಡ್ಡ ಉರಿ, ಕಾಲು ಕಿಲೋ ಖೀಮಾ ಹರಡಿ ಹಾಗೆಯೇ ಬಿಡಿ. ಕೈ ಸುಮ್ನೆ ಇರುವುದಿಲ್ಲ, ಸೌಟು ಹಾಕಬೇಕು ಅನಿಸುತ್ತದೆ, ಹಾಕಬೇಡಿ. ಮೊದಲು ನೀರು ಬಿಡುತ್ತದೆ, ಮಾಂಸ ಬೂದು ಬಣ್ಣಕ್ಕೆ ಬರುತ್ತದೆ, ಆಗಿನ್ನೂ ಏನೂ ಆಗಿಲ್ಲ. ನೀರು ಪೂರ್ತಿ ಆರಿ ಸದ್ದು ಬದಲಾಗಿ ಚಟಪಟ ಅನ್ನತೊಡಗಿದ ಮೇಲೆಯೇ ನಿಜವಾದ ಹುರಿಯುವುದು ಶುರು. ತಳ ಕಂದು ಬಣ್ಣಕ್ಕೆ ತಿರುಗಿ ಹಿಡಿದುಕೊಳ್ಳುತ್ತದೆ, ಆ ಹಿಡಿದದ್ದೇ ಸೂಪಿನ ಅರ್ಧ ರುಚಿ. ಆಮೇಲೆ ಕೊಚ್ಚಿದ ದೊಡ್ಡ ನೀರುಳ್ಳಿ ಎರಡು, ಶುಂಠಿ, ಬೆಳ್ಳುಳ್ಳಿ, ಒಂದು ಕಾಯಿಮೆಣಸು. ನೀರುಳ್ಳಿಯ ನೀರಿಗೆ ತಳದ್ದೆಲ್ಲ ಬಿಟ್ಟು ಬರುತ್ತದೆ. ಎರಡು ಟೊಮೆಟೊ, ಒಂದು ಚಮಚ ಬಫಾತ್ ಪುಡಿ (ಮಂಗಳೂರು ಕಡೆಯ ಮಾಂಸದ ಮಸಾಲೆ ಪುಡಿ), ಉಪ್ಪು. ಬಫಾತ್ ಪುಡಿ ಇದಕ್ಕಿಂತ ಜಾಸ್ತಿ ಬೇಡ, ಜಾಸ್ತಿ ಆದರೆ ಸೂಪು ಹೋಗಿ ಸಾರಾಗುತ್ತದೆ.

ಇದರ ಮೇಲೆ ಒಂದು ಹಿಡಿ ಕುಚ್ಚಲಕ್ಕಿ ತೊಳೆದು ಹಾಕಿ. ನನ್ನ ಪ್ರಕಾರ ಈ ಸೂಪಿನಲ್ಲಿ ಮಾಂಸದಷ್ಟೇ ಮುಖ್ಯ ಇದು. ಪುಸ್ತಕದಲ್ಲಿ ಬಾರ್ಲಿ ಅಂತ ಇರುತ್ತದೆ, ಚೆನ್ನಾಗಿಯೂ ಇರುತ್ತದೆ, ಆದರೆ ಮನೆಯ ಡಬ್ಬದಲ್ಲೇ ಕುಚ್ಚಲಕ್ಕಿ ಇರುವಾಗ ಬೇರೆ ಯಾಕೆ ತರಬೇಕು? ಬೆಳ್ತಿಗೆ (ಬಿಳಿ ಅಕ್ಕಿ) ಆದರೆ ಇಷ್ಟು ಹೊತ್ತು ಬೇಯುವಾಗ ಗಂಜಿಯಾಗಿ ಹೋಗುತ್ತದೆ. ಕುಚ್ಚಲಕ್ಕಿ ಮಾಂಸದ ಜೊತೆಗೇ ಬೇಯುತ್ತದೆ, ಕಾಳು ಕಾಳಾಗಿ ಉಳಿದುಕೊಂಡೇ ತಿಳಿಯನ್ನು ಸ್ವಲ್ಪ ಮಂದ ಮಾಡುತ್ತದೆ. ಆ ಎರಡು ಮೂಳೆ, ಒಂದೂವರೆ ಲೀಟರ್ ನೀರು, ಮುಚ್ಚಳ. ಮೊದಲ ವಿಸಿಲ್ ಆದ ಮೇಲೆ ಉರಿ ಸಣ್ಣ ಮಾಡಿ 20 ನಿಮಿಷ. ಪ್ರೆಶರ್ ತಾನಾಗಿ ಇಳಿಯಲಿ.

ತರಕಾರಿ ಹಾಕುವುದು ಮುಚ್ಚಳ ತೆಗೆದ ಮೇಲೆ. ಬಟಾಟೆ, ಕ್ಯಾರೆಟ್, ಸ್ವಲ್ಪ ಎಲೆಕೋಸು, ಮತ್ತೆ ನಮ್ಮ ಮಂಗಳೂರು ಸೌತೆಯ ನಾಲ್ಕೈದು ದೊಡ್ಡ ಹೋಳು. ಸೌತೆ ಮಾಂಸದ ರಸ ಕುಡಿದು ಗಾಜಿನ ಹಾಗೆ ಆಗುತ್ತದೆ, ಆದರೂ ಮುರಿಯುವುದಿಲ್ಲ. ತೆರೆದ ಕುಕ್ಕರಿನಲ್ಲೇ ಹನ್ನೆರಡು ಹದಿನೈದು ನಿಮಿಷ ಕುದಿಸಿ. ಕೆಳಗಿಳಿಸುವ ಮೊದಲು ಜಜ್ಜಿದ ಒಳ್ಳೆಮೆಣಸು (ಕಾಳುಮೆಣಸು), ಒಂದು ಚಮಚ ವಿನೆಗರ್. ವಿನೆಗರ್ ಬಿಡಬೇಡಿ, ಅಷ್ಟು ಹೊತ್ತು ಬೆಂದ ಮಾಂಸದ ಭಾರವನ್ನು ಅದು ಎತ್ತಿ ಕೊಡುತ್ತದೆ. ರಾತ್ರಿಗೆ ಇದು, ಜೊತೆಗೆ ಪಾವ್. ಬೇರೆ ಏನೂ ಬೇಡ. ಜಡಿಮಳೆ ಹಿಡಿದ ದಿನ ಮಕ್ಕಳು ಎರಡನೇ ಸಲ ಬಟ್ಟಲು ಹಿಡಿದುಕೊಂಡು ಬರುತ್ತಾರೆ, ತರಕಾರಿ ಮುಟ್ಟದವರೂ ಇದರಲ್ಲಿ ಎಲೆಕೋಸು ತಿನ್ನುತ್ತಾರೆ.

ಉಳಿದ ಹಸಿ ಖೀಮಾವನ್ನು ಕಾಲು ಕಾಲು ಕಿಲೋ ಕಟ್ಟಿ, ಚಪ್ಪಟೆ ಮಾಡಿ ಫ್ರೀಜರಿಗೆ ಹಾಕಿ. ಮೂರು ನಾಲ್ಕು ತಿಂಗಳು ಇರುತ್ತದೆ. ಫ್ರಿಜ್ಜಿನ ಕೆಳಗಿನ ಭಾಗದಲ್ಲಾದರೆ ಒಂದೆರಡು ದಿನ ಮಾತ್ರ, ಕರೆಂಟ್ ಹೋಗಿ ಬಂದು ಮಾಡುವ ದಿನಗಳಲ್ಲಿ ಅದೂ ಬೇಡ.

ಇನ್ನು ತೊಂದರೆಗಳು. ದೊಡ್ಡದು ತುಕ್ಕು. ಜೂನಿನಿಂದ ಸೆಪ್ಟೆಂಬರಿನವರೆಗೆ ನಮ್ಮ ಕರಾವಳಿಯಲ್ಲಿ ಒಗೆದ ಬಟ್ಟೆಯೇ ಒಣಗುವುದಿಲ್ಲ, ಇನ್ನು ಕಬ್ಬಿಣ ಕೇಳಬೇಕಾ. ಅದರಲ್ಲೂ ಬ್ಲೇಡಿಗೆ, ಬಿಲ್ಲೆಗೆ ತವರದ ಲೇಪ ಇರುವುದಿಲ್ಲ, ಒದ್ದೆ ಬಿಟ್ಟರೆ ಬೆಳಿಗ್ಗೆಗೆ ಕೆಂಪಗಾಗಿರುತ್ತದೆ. ಬಿಸಿ ನೀರಲ್ಲಿ ತೊಳೆದು, ಬಟ್ಟೆಯಲ್ಲಿ ಒರೆಸಿ, ಸ್ಟವ್ ಆರಿಸಿದ ಮೇಲೆ ಅದರ ಬಿಸಿಗೆ ಸ್ವಲ್ಪ ಹೊತ್ತು ಇಟ್ಟು, ತೆಂಗಿನೆಣ್ಣೆ ಸವರಿ, ಪೇಪರಿನಲ್ಲಿ ಸುತ್ತಿ ಇಡಬೇಕು. ಪಾತ್ರೆ ಉಜ್ಜುವ ಸ್ಟೀಲ್ ಸ್ಕ್ರಬ್ಬರ್ ಮುಟ್ಟಿಸಬೇಡಿ, ಲೇಪ ಏಳುತ್ತದೆ. ತಿರುಗಿಸಲು ಹತ್ತು ನಿಮಿಷವೂ ಬೇಡ, ತೊಳೆದು ಒಣಗಿಸಲು ಅದಕ್ಕಿಂತ ಜಾಸ್ತಿ ಹೊತ್ತು ಬೇಕು. ಇದು ಆಗದು ಅನ್ನುವವರು ತೆಗೆದುಕೊಳ್ಳಬೇಡಿ, ಇಬ್ಬರೇ ಇರುವ ಮನೆಗೂ ಅಗತ್ಯ ಇಲ್ಲ.

ಎರಡನೆಯದು, ಇದನ್ನು ಕಚ್ಚಿಸುವ ಜಾಗ. ಈಗಿನ ಫ್ಲ್ಯಾಟುಗಳಲ್ಲಿ ಗ್ರಾನೈಟ್ ಕಟ್ಟೆ ಗೋಡೆಗೆ, ಕೆಳಗಿನ ಕಪಾಟಿಗೆ ಸೇರಿಕೊಂಡೇ ಇರುತ್ತದೆ, ಅಂಚು ಹೊರಗೆ ಚಾಚಿರುವುದಿಲ್ಲ. ಚಾಚಿದ್ದರೂ ನುಣುಪು ಕಲ್ಲಿನ ಮೇಲೆ ತಿರುಪು ಜಾರುತ್ತದೆ. ನಮ್ಮ ಮನೆಯಲ್ಲಿ ಊಟದ ಮೇಜಿನ ಮರದ ಅಂಚಿಗೆ, ಮಧ್ಯೆ ದಪ್ಪ ಗೋಣಿ ತುಂಡು ಕೊಟ್ಟು ಬಿಗಿಯುತ್ತೇವೆ, ಅಲುಗಾಡುವುದಿಲ್ಲ. ಮೇಜಿನ ಅಂಚಿನ ದಪ್ಪ ಅಳೆದುಕೊಂಡು ಅಂಗಡಿಗೆ ಹೋಗಿ, ಅದಕ್ಕಿಂತ ಕ್ಲಾಂಪಿನ ಬಾಯಿ ದೊಡ್ಡದು ಇರಬೇಕು.

ನನಗೆ ಮೊದಲು ಬಂದ ಬ್ಲೇಡು ಸರಿ ಇರಲಿಲ್ಲ. ಒಂದು ರೆಕ್ಕೆ ಬಿಲ್ಲೆಗೆ ತಾಗುತ್ತಿರಲಿಲ್ಲ, ನಾರು ಎಲ್ಲ ಅಲ್ಲೇ ಸುತ್ತಿಕೊಳ್ಳುತ್ತಿತ್ತು. ಅಂಗಡಿಯವರು ಮಾತಾಡದೆ ಬೇರೆ ಕೊಟ್ಟರು, ಅದು ಅವರ ಒಳ್ಳೆಯತನ. ನೀವು ದುಡ್ಡು ಕೊಡುವ ಮೊದಲೇ ಮುಂದಿನ ರಿಂಗು ಬಿಚ್ಚಿಸಿ, ಬ್ಲೇಡಿನ ಚಪ್ಪಟೆ ಮುಖವನ್ನು ಬಿಲ್ಲೆಯ ಮೇಲೆ ಇಟ್ಟು ಟ್ಯೂಬ್‌ಲೈಟಿಗೆ ಹಿಡಿದು ನೋಡಿ. ನಾಲ್ಕು ರೆಕ್ಕೆಯ ಕೆಳಗೂ ಬೆಳಕು ನುಸುಳಬಾರದು. ನುಸುಳಿದರೆ ಇನ್ನೊಂದು ಡಬ್ಬ ತೆಗೆಸಿ. ಹಾಗೆಯೇ ಅದೇ ನಂಬರಿನ ಬಿಡಿ ಬ್ಲೇಡು ಅವರಲ್ಲಿ ಸಿಗುತ್ತದಾ ಎಂದೂ ಕೇಳಿಕೊಳ್ಳಿ, ಮೊದಲು ಸವೆಯುವುದು ಅದೇ.